ಚಿ. ಉದಯಶಂಕರರ ಸಂಭಾಷಣೆ: ಗಡಿನಾಡಿನ ಕಿವಿಯಿಂದ ಒಂದು ವಿವೇಚನೆ

೧

ಭರತಮುನಿಯು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ವಿಕವೆಂದು ನಾಲ್ಕಾಗಿ ವಿಂಗಡಿಸಿದನು. ಅಷ್ಟೇ ಅಲ್ಲ, ಮಾತೇ ನಾಟ್ಯದ ಶರೀರವೆಂದೂ ಆ ವಿಷಯದಲ್ಲಿ ವಿಶೇಷ ಪ್ರಯತ್ನ ಅಗತ್ಯವೆಂದೂ ಹೇಳಿದನು. ನಾಟಕವನ್ನು ಪಾಠ ಹೇಳುವಾಗ ನಾವು ಈ ಮಾತನ್ನು ತಪ್ಪದೆ ಸ್ಮರಿಸುತ್ತೇವೆ. ಚಲನಚಿತ್ರದ ಪ್ರಸ್ತಾಪ ಬಂದಾಗ ಮಾತ್ರ ನಟನನ್ನು ಹೊಗಳಿ, ನಿರ್ದೇಶಕನನ್ನು ಅಳೆದು, ಮಾತನ್ನು ಬರೆದವನನ್ನು ಮರೆತುಬಿಡುತ್ತೇವೆ. ಕಲಾತ್ಮಕವೆಂದು ಹೆಸರಾದ ಚಿತ್ರಗಳ ವಿಷಯದಲ್ಲಿ ಈ ಮರೆವು ಅಷ್ಟಾಗಿ ಕಾಣುವುದಿಲ್ಲ. ಭಕ್ತಿಚಿತ್ರ, ಐತಿಹಾಸಿಕ, ಪತ್ತೇದಾರಿ, ಕೌಟುಂಬಿಕ ಎಂಬ ಸಿದ್ಧ ಪ್ರಕಾರಗಳ ಜನಪ್ರಿಯ ಚಿತ್ರಗಳ ವಿಷಯದಲ್ಲಿ ಅದು ಸಂಪೂರ್ಣವಾಗಿದೆ. ಲಕ್ಷಾಂತರ ಜನರು ಕಿವಿಯಾರೆ ಕೇಳಿ ಬಾಯಾರೆ ಆಡಿಕೊಂಡ ಗದ್ಯವನ್ನು ಕನ್ನಡ ಗದ್ಯದ ಚರಿತ್ರೆಯಿಂದ ಹೊರಗಿಡುವುದು ಶಾಸ್ತ್ರೀಯವೂ ಅಲ್ಲ, ನ್ಯಾಯವೂ ಅಲ್ಲ.

ಈ ಲೇಖನದಲ್ಲಿ ಚಿ. ಉದಯಶಂಕರ (೧೯೩೪–೧೯೯೩) ಅವರ ಚಲನಚಿತ್ರ ಬರವಣಿಗೆಯನ್ನು ಒಂದು ಸಮಸ್ಯೆಯಾಗಿ ಪರಿಶೀಲಿಸಲು ಉದ್ದೇಶಿಸಿದೆ. ಸಮಸ್ಯೆಯನ್ನು ಹೀಗೆ ನಿರೂಪಿಸಬಹುದು: ಕಥೆಯು ತನ್ನದಲ್ಲದಿರುವಾಗ, ಚಿತ್ರದ ಪ್ರಕಾರವೂ ಮೊದಲೇ ನಿಶ್ಚಿತವಾಗಿರುವಾಗ, ಸಂಭಾಷಣಕಾರನಿಗೆ ಉಳಿಯುವ ಸ್ವಂತಿಕೆಯಾದರೂ ಯಾವುದು? ಇದಕ್ಕೆ ಹೊಂದಿಕೊಂಡು ಇನ್ನೊಂದು ಪ್ರಶ್ನೆಯಿದೆ. ಆತನು ಕಟ್ಟಿದ ಚಲನಚಿತ್ರ ಕನ್ನಡವು ಇಡೀ ನಾಡಿನದಾಯಿತೇ, ಅಥವಾ ನಾಡಿನ ಒಂದು ಭಾಗದ ನುಡಿಯು ಉಳಿದ ಭಾಗಗಳಿಗೆ ಮಾದರಿಯಾಗಿ ನಿಂತಿತೇ? ಈ ಎರಡನೆಯ ಪ್ರಶ್ನೆಯು ಮೈಸೂರಿನಲ್ಲಿ ಕುಳಿತವರಿಗೆ ತೋರದಿರಬಹುದು. ಚಿಕ್ಕೋಡಿ ತಾಲೂಕಿನ ಕರೋಶಿಯಂಥ ಊರಿನ ಪ್ರೇಕ್ಷಕನನ್ನು ಕಣ್ಣೆದುರು ಇಟ್ಟುಕೊಂಡರೆ ಅದು ತಾನಾಗಿ ಮೇಲೇಳುತ್ತದೆ.

೨

ಉದಯಶಂಕರರಿಗೆ ಬರವಣಿಗೆಯು ಮನೆತನದ ಬಳುವಳಿ. ಅವರ ತಂದೆ ಚಿ. ಸದಾಶಿವಯ್ಯನವರು ಚಲನಚಿತ್ರಗಳಿಗೆ ಸಾಹಿತ್ಯವನ್ನು ರಚಿಸಿದವರು. ಛಂದಸ್ಸಿನ ಪರಿಚಯ, ಪುರಾಣಗಳ ಬಳಕೆ, ಗ್ರಾಂಥಿಕ ಭಾಷೆಯ ಮೇಲಿನ ಹಿಡಿತ ಇವು ಆ ತಲೆಮಾರಿನ ಚಿತ್ರಸಾಹಿತಿಗಳಿಗೆ ಬೇಕೇ ಬೇಕಾಗಿದ್ದ ಬಂಡವಾಳ. ೧೯೫೪ರ 'ಬೇಡರ ಕಣ್ಣಪ್ಪ'ದಿಂದ ಮೊದಲ್ಗೊಂಡು ಒಂದು ದಶಕದ ಕಾಲ ಕನ್ನಡ ಚಿತ್ರವು ಕಂಪನಿ ನಾಟಕದ ಮುಂದುವರಿದ ರೂಪವೇ ಆಗಿತ್ತೆಂದರೆ ಅತಿಶಯೋಕ್ತಿಯಾಗದು. ರಂಗಸ್ಥಳದಲ್ಲಿ ಕೊನೆಯ ಸಾಲಿನ ಪ್ರೇಕ್ಷಕನಿಗೂ ಕೇಳಿಸಬೇಕಾಗಿದ್ದ ಉದ್ದನೆಯ, ಪ್ರಾಸಬದ್ಧವಾದ ಮಾತು ಧ್ವನಿಗ್ರಾಹಕ ಯಂತ್ರದ ಎದುರಿನಲ್ಲಿಯೂ ಹಾಗೆಯೇ ಬಹುಕಾಲ ನಡೆದುಬಂದಿತು.

ಉದಯಶಂಕರರ ಚಿತ್ರಜೀವನದ ಆರಂಭವನ್ನು ೧೯೬೩ರ 'ಸಂತ ತುಕಾರಾಂ' ಚಿತ್ರದಿಂದ ಎಣಿಸುವುದು ರೂಢಿ. ಅದರ ನಿರ್ದೇಶಕರು ಸುಂದರರಾವ್ ನಾಡಕರ್ಣಿ. ೧೯೪೪ರ ತಮಿಳು 'ಹರಿದಾಸ್' ಚಿತ್ರದಿಂದ ಪ್ರಖ್ಯಾತರಾದವರು. ನಾಯಕಪಾತ್ರ ರಾಜಕುಮಾರರದು. ಈ ಆರಂಭವು ನಮ್ಮ ಗಡಿನಾಡಿನ ದೃಷ್ಟಿಯಿಂದ ಬಹು ಅರ್ಥಪೂರ್ಣವಾಗಿದೆ. ಇದೇ ಸಂತನ ಜೀವನವನ್ನು ಪುಣೆಯ ಪ್ರಭಾತ್ ಸಂಸ್ಥೆಯು ೧೯೩೬ರಲ್ಲಿ ಮರಾಠಿಯಲ್ಲಿ ಚಿತ್ರಿಸಿತ್ತು. ದಾಮ್ಲೆ ಮತ್ತು ಫತ್ತೇಲಾಲ್ ಅದರ ನಿರ್ದೇಶಕರು, ಶಿವರಾಮ ವಾಶೀಕರ ಅದರ ಲೇಖಕರು, ವಿಷ್ಣುಪಂತ ಪಾಗ್ನೀಸರು ತುಕಾರಾಮರ ಪಾತ್ರಧಾರಿ. ಮರುವರ್ಷ ವೆನಿಸ್ ಚಿತ್ರೋತ್ಸವದಲ್ಲಿ ಅದು ಮನ್ನಣೆ ಪಡೆಯಿತು. ಆ ಪ್ರಭಾತ್ ಸಂಸ್ಥೆಯು ಹುಟ್ಟಿದ್ದು ೧೯೨೯ರಲ್ಲಿ, ಚಿಕ್ಕೋಡಿ ಸೀಮೆಗೆ ನೆರೆಯಾದ ಕೊಲ್ಲಾಪುರದಲ್ಲಿ.

ಆದುದರಿಂದ ಕನ್ನಡದ ತುಕಾರಾಮನಿಗೆ ಗಡಿನಾಡಿನಲ್ಲಿ ಎದುರಾದ ಪರೀಕ್ಷೆಯು ಸಾಮಾನ್ಯವಾದುದಲ್ಲ. ಕೃಷ್ಣಾ, ದೂಧಗಂಗಾ, ವೇದಗಂಗಾ ನದಿಗಳ ಬಯಲಿನ ಜನರು ಅಭಂಗಗಳನ್ನು ಮರಾಠಿಯಲ್ಲಿಯೇ ಕೇಳಿ ಬೆಳೆದವರು. ಆಷಾಢದಲ್ಲಿ ಪಂಢರಪುರದ ವಾರಿಗೆ ಹೋಗಿಬರುವವರು. ವಿಠ್ಠಲನನ್ನು ಮರಾಠಿ ಸಂತರೇ ಕನ್ನಡಿಗನೆಂದು ಕರೆದದ್ದುಂಟು. ಇಂಥ ಪ್ರೇಕ್ಷಕನು ಕನ್ನಡದಲ್ಲಿ ಮಾತನಾಡುವ ತುಕಾರಾಮನನ್ನು ಅನುವಾದವೆಂದು ತಿಳಿಯದೆ ಸ್ವೀಕರಿಸಬೇಕಾದರೆ ಪದಕ್ಕೆ ಪದ ಕೊಟ್ಟರೆ ಸಾಲದು. ಭಕ್ತನು ದೇವರೊಡನೆ ಜಗಳವಾಡುವ ಸಲಿಗೆಯ ಧಾಟಿಯನ್ನು ದಾಸರಿಂದ, ವಚನಕಾರರಿಂದ ಪಡೆದು ಆ ಬಾಯಿಗೆ ಕೊಡಬೇಕಾಗುತ್ತದೆ. ಹೊರಗಿನಿಂದ ಬಂದ ಕಥೆಗೆ ಒಳಗಿನ ಮಾತನ್ನು ಒದಗಿಸುವ ಈ ಕೆಲಸವೇ ಮುಂದೆ ಮೂವತ್ತು ವರ್ಷ ಉದಯಶಂಕರರ ವೃತ್ತಿಯಾಯಿತು.

೩

ಕನ್ನಡ ಚಿತ್ರದ ಶೀರ್ಷಿಕಾಪಟ್ಟಿಯನ್ನು ಗಮನವಿಟ್ಟು ನೋಡಿದರೆ ಕಥೆ, ಚಿತ್ರಕಥೆ, ಸಂಭಾಷಣೆ, ಗೀತೆ ಎಂದು ನಾಲ್ಕು ಬೇರೆ ಬೇರೆ ಅಧಿಕಾರಗಳು ಕಾಣುತ್ತವೆ. ಉದಯಶಂಕರರ ಹೆಸರು ಹೆಚ್ಚಾಗಿ ಕಡೆಯ ಎರಡರ ಎದುರಿಗಿರುತ್ತದೆ. ಹಿಂದಿಯ ಸಲೀಂ–ಜಾವೇದ್ ಜೋಡಿಯು ಕಥೆಯಿಂದ ಮಾತಿನವರೆಗೆ ಎಲ್ಲವನ್ನೂ ತಾವೇ ಬರೆದು, ಗೀತೆಯನ್ನು ಮಾತ್ರ ಬೇರೆಯವರಿಗೆ ಬಿಟ್ಟು ಹೆಸರಾದವರು. ಅದೇ ಜೋಡಿಯು ೧೯೭೬ರ 'ಪ್ರೇಮದ ಕಾಣಿಕೆ' ಎಂಬ ಕನ್ನಡ ರೋಮಾಂಚಕ ಚಿತ್ರಕ್ಕೆ ಕಥೆಯನ್ನು ಕೊಟ್ಟಿತು. ಅದಕ್ಕೆ ಕನ್ನಡದ ಬಾಯಿಯನ್ನು ಕೊಟ್ಟವರು ಉದಯಶಂಕರರು. ೧೯೭೧ರ 'ಕಸ್ತೂರಿ ನಿವಾಸ'ದ ಕಥೆ ತಮಿಳಿನ ಜಿ. ಬಾಲಸುಬ್ರಹ್ಮಣ್ಯಂ ಅವರದು. 'ಎರಡು ಕನಸು' (೧೯೭೪) ಶ್ರೀಮತಿ ವಾಣಿಯವರ ಕಾದಂಬರಿ, 'ಮಯೂರ' (೧೯೭೫) ದೇವುಡು ಅವರದು, 'ಹುಲಿಯ ಹಾಲಿನ ಮೇವು' (೧೯೭೯) ಭಾರತೀಸುತರದು. ಪರರ ಕಥೆಗೆ ಮಾತನ್ನು ಹೊಂದಿಸುವವನು ಕೇವಲ ಕುಶಲಕರ್ಮಿಯಲ್ಲವೇ ಎಂಬ ಆಕ್ಷೇಪವು ಸಹಜವಾಗಿಯೇ ಏಳುತ್ತದೆ.

ಈ ಆಕ್ಷೇಪಕ್ಕೆ ಉತ್ತರವು ಚಿತ್ರಗಳ ಮರುನಿರ್ಮಾಣದ ಇತಿಹಾಸದಲ್ಲಿದೆ. 'ಕಸ್ತೂರಿ ನಿವಾಸ'ವು ೧೯೭೫ರಲ್ಲಿ 'ಅವನ್‌ದಾನ್ ಮನಿದನ್' ಎಂದು ತಮಿಳಿಗೆ ಹೋಯಿತು. ೧೯೭೮ರ 'ಶಂಕರ್ ಗುರು' ತಮಿಳಿನಲ್ಲಿ 'ತಿರಿಶೂಲಂ' (೧೯೭೯), ಹಿಂದಿಯಲ್ಲಿ 'ಮಹಾನ್' (೧೯೮೩) ಆಯಿತು. ೧೯೮೬ರ 'ಅನುರಾಗ ಅರಳಿತು' ೧೯೯೨ರಲ್ಲಿ ತೆಲುಗು ತಮಿಳುಗಳಿಗೂ ೧೯೯೪ರಲ್ಲಿ ಹಿಂದಿಗೂ ದಾಟಿತು. ಈ ಪ್ರಯಾಣಗಳಲ್ಲೆಲ್ಲ ಕಥೆಯು ಗಡಿ ದಾಟಿತು, ಮಾತು ದಾಟಲಿಲ್ಲ. ಮರುನಿರ್ಮಾಪಕನು ಮೊದಲು ಕಳಚಿ ಬದಿಗಿಡುವುದು ಸಂಭಾಷಣೆಯನ್ನು ಮತ್ತು ಗೀತೆಯನ್ನು. ಕನ್ನಡದ ಚಿತ್ರದಲ್ಲಿ ಕನ್ನಡದ್ದು ಯಾವುದು ಎಂಬುದಕ್ಕೆ ಇದಕ್ಕಿಂತ ಉತ್ತಮವಾದ ಒರೆಗಲ್ಲು ದೊರೆಯಲಾರದು. ಅಂದಮೇಲೆ ಉದಯಶಂಕರರ ಕ್ಷೇತ್ರವು ಚಿತ್ರದ ಹೊರ ಅಲಂಕಾರವಲ್ಲ. ಬೇರೊಂದು ನಾಡಿಗೆ ಒಯ್ಯಲಾಗದೆ ಇಲ್ಲಿಯೇ ಉಳಿದುಬಿಡುವ ಭಾಗವೇ ಅವರದು.

'ಕಸ್ತೂರಿ ನಿವಾಸ'ವನ್ನೇ ದೃಷ್ಟಾಂತವಾಗಿ ತೆಗೆದುಕೊಳ್ಳೋಣ. ಕೊಡುವುದನ್ನಲ್ಲದೆ ಬೇಡುವುದನ್ನು ಅರಿಯದ ಧನಿಕನೊಬ್ಬನು ಎಲ್ಲವನ್ನೂ ಕಳೆದುಕೊಂಡು, ಕಡೆಗೆ ಮನೆಗೆ ಬಂದವಳ ಸತ್ಕಾರಕ್ಕೆಂದು ಸಾಕಿದ ಪಾರಿವಾಳವನ್ನೂ ಕೈಬಿಡುತ್ತಾನೆ. ಬಂದವಳು ಬೇಡಲು ಬಂದದ್ದು ಆ ಪಾರಿವಾಳವನ್ನೇ. ಇದೇ ಸನ್ನಿವೇಶವು ಹದಿನಾಲ್ಕನೆಯ ಶತಮಾನದ ಇಟಲಿಯ ಬೊಕ್ಕಾಚಿಯೋನ 'ಡೆಕಾಮೆರಾನ್' ಗ್ರಂಥದಲ್ಲಿ ಡೇಗೆಯ ಕಥೆಯಾಗಿ ಬಂದಿರುವುದನ್ನು ಸಾಹಿತ್ಯದ ವಿದ್ಯಾರ್ಥಿಗಳು ಬಲ್ಲರು. ಕಥಾವಸ್ತುವಿಗೆ ನಾಡಿಲ್ಲವೆಂಬುದು ಇದರಿಂದ ಸ್ಪಷ್ಟ. ಆದರೆ ಬೇಡಿಬಂದವರಿಗೆ ಇಲ್ಲವೆನ್ನಬೇಕಾದ ಗಳಿಗೆಯಲ್ಲಿ ಕನ್ನಡದ ಗೃಹಸ್ಥನು ಹೇಗೆ ಮಾತನಾಡುತ್ತಾನೆ, ಎಲ್ಲಿ ಮಾತು ನಿಲ್ಲಿಸುತ್ತಾನೆ ಎಂಬುದಕ್ಕೆ ನಾಡಿದೆ. ಆರಂಭದಲ್ಲಿ ಮಗುವನ್ನು ರಮಿಸುವುದಕ್ಕಾಗಿ ಬರುವ ಬೊಂಬೆಯ ಹಾಡು, ಕೆಡವಿದರೂ ಎದ್ದು ನಿಲ್ಲುವ ಆಟಿಕೆಯನ್ನು ಕುರಿತದ್ದು. ಅದೇ ಪಲ್ಲವಿಯು ದುಃಖದ ಸಂದರ್ಭದಲ್ಲಿ ಇನ್ನೊಮ್ಮೆ ಬಂದಾಗ ಬೊಂಬೆಯು ಮನುಷ್ಯನಾಗಿರುತ್ತದೆ. ನಾಯಕನು ತನ್ನ ಪತನವನ್ನು ಮಾತಿನಲ್ಲಿ ವಿವರಿಸಬೇಕಾದ ಅಗತ್ಯವೇ ಅಲ್ಲಿ ಉಳಿಯುವುದಿಲ್ಲ. ಸಂಭಾಷಣಕಾರನೂ ಗೀತಕಾರನೂ ಒಬ್ಬನೇ ಆದುದರಿಂದ ದೊರೆತ ಫಲವಿದು.

೪

ಪ್ರಕಾರವು ಬದಲಾದಂತೆ ಉದಯಶಂಕರರ ಭಾಷೆಯ ಮಟ್ಟವೂ ಬದಲಾಗುತ್ತದೆ. 'ಮಯೂರ'ವು ಕದಂಬ ವಂಶದ ಸ್ಥಾಪಕನ ಕಥೆ. ವೇದಾಧ್ಯಯನಕ್ಕೆ ಕಂಚಿಗೆ ಹೋದ ಬ್ರಾಹ್ಮಣ ಯುವಕನು ಅಪಮಾನವನ್ನು ಸಹಿಸದೆ ಕತ್ತಿ ಹಿಡಿದು ರಾಜನಾಗುತ್ತಾನೆ. ಇಲ್ಲಿ ಸಂಬೋಧನೆಗಳು ಸಂಸ್ಕೃತಮಯ, ಕ್ರಿಯಾಪದಗಳು ಪೂರ್ಣರೂಪದವು. ಆದರೂ ಕಂಪನಿ ನಾಟಕದ ಮಾರುದ್ದದ ವಾಕ್ಯಗಳಲ್ಲಿ ಲೇಖಕರು ತೊಡಗುವುದಿಲ್ಲ. ಗ್ರಾಂಥಿಕ ಪದಗಳನ್ನು ಇಟ್ಟುಕೊಂಡು ವಾಕ್ಯದ ಉದ್ದವನ್ನು ಮಾತ್ರ ಕತ್ತರಿಸಿದ್ದು ಅವರ ಮುಖ್ಯ ಸುಧಾರಣೆ. ಅರ್ಥವಾಗದ ಪದವು ಬಂದರೂ ವಾಕ್ಯವು ಗಿಡ್ಡದಾಗಿರುವುದರಿಂದ ಅನಕ್ಷರಸ್ಥನಾದ ಶ್ರೋತೃವು ದಾರಿ ತಪ್ಪುವುದಿಲ್ಲ.

ಇದಕ್ಕೆ ತೀರ ವಿರುದ್ಧವಾದ ತುದಿಯಲ್ಲಿ ಪತ್ತೇದಾರಿ ಚಿತ್ರಗಳಿವೆ. ದೊರೆ–ಭಗವಾನ್ ಜೋಡಿಯು ೧೯೬೮ರ 'ಜೇಡರ ಬಲೆ'ಯಿಂದ ತೊಡಗಿ ಸಿ.ಐ.ಡಿ. ೯೯೯ ಎಂಬ ಗುಪ್ತಚರನ ಸರಣಿಯನ್ನು ನಿರ್ಮಿಸಿತು. ಆಂಗ್ಲ ಗುಪ್ತಚರ ಜೇಮ್ಸ್ ಬಾಂಡನ ಛಾಯೆ ಅದರ ಮೇಲೆ ಸ್ಪಷ್ಟವಾಗಿಯೇ ಇದೆ. ಸರಣಿಯ ಕೊನೆಯ ಚಿತ್ರ 'ಆಪರೇಷನ್ ಡೈಮಂಡ್ ರಾಕೆಟ್' (೧೯೭೮). ಅದರಲ್ಲಿ ಉದಯಶಂಕರರು ಇಂಗ್ಲಿಷಿನಲ್ಲಿಯೇ ಒಂದು ಹಾಡನ್ನು ಬರೆದರು. ಇಂಗ್ಲಿಷ್ ಬಾರದವರೂ ಅದನ್ನು ಹಾಡಿಕೊಂಡರು. ಇದನ್ನು ವಿಡಂಬನೆಯೆನ್ನಬೇಕೋ ಸಾಹಸವೆನ್ನಬೇಕೋ ಎಂಬ ಬಗ್ಗೆ ಭಿನ್ನಾಭಿಪ್ರಾಯಕ್ಕೆ ಎಡೆಯುಂಟು. ಆದರೆ ಪರಭಾಷೆಯ ಪದಗಳನ್ನು ಕನ್ನಡದ ಉಸಿರಿನ ಅಳತೆಗೆ ಒಗ್ಗಿಸಿದರೆ ಅವು ಕನ್ನಡದ ಬಾಯಿಯಲ್ಲಿ ನಿಲ್ಲುತ್ತವೆ ಎಂಬ ಭಾಷಾಸತ್ಯವನ್ನು ಅದು ತೋರಿಸಿತೆಂಬುದರಲ್ಲಿ ಸಂದೇಹವಿಲ್ಲ.

ಈ ಎರಡು ತುದಿಗಳ ನಡುವೆ 'ಗಂಧದ ಗುಡಿ' (೧೯೭೩) ನಿಲ್ಲುತ್ತದೆ. ಅರಣ್ಯಾಧಿಕಾರಿಯೊಬ್ಬನು ಕಳ್ಳಸಾಗಣೆಗಾರರನ್ನು ಎದುರಿಸುವ ಸಾಹಸಕಥೆಯಿದು. ಆದರೆ ಅದರ ಪ್ರಸಿದ್ಧ ಗೀತೆಯು ನಾಡನ್ನೂ ನುಡಿಯನ್ನೂ ಕುರಿತದ್ದು. ಮೈಸೂರು ರಾಜ್ಯಕ್ಕೆ ಕರ್ನಾಟಕವೆಂಬ ಹೆಸರು ಬಂದದ್ದು ಅದೇ ವರ್ಷದ ನವೆಂಬರ್ ೧ರಂದು. ಸಿದ್ಧ ಪ್ರಕಾರದ ಚಿತ್ರವೊಂದು ನಾಡಿನ ಸಾಮೂಹಿಕ ಭಾವನೆಗೆ ಮಾತು ಕೊಟ್ಟುದಕ್ಕೆ ಇದು ನಿದರ್ಶನ.

ಭಾಷೆಯ ಮಟ್ಟದ ಜೊತೆಗೆ ಕಂಠದ ವಿಚಾರವನ್ನೂ ಇಲ್ಲಿಯೇ ಹೇಳಬೇಕು. ೧೯೭೪ರ 'ಸಂಪತ್ತಿಗೆ ಸವಾಲ್' ಚಿತ್ರದವರೆಗೆ ರಾಜಕುಮಾರರ ಮಾತು ಅವರದು, ಹಾಡು ಬಹುಮಟ್ಟಿಗೆ ಪಿ.ಬಿ. ಶ್ರೀನಿವಾಸರದು. ಆ ಚಿತ್ರದಲ್ಲಿ ಉದಯಶಂಕರರು ಬರೆದ ಹಾಡನ್ನು ನಟನೇ ಹಾಡಿದನು. ಅಲ್ಲಿಂದ ಮುಂದೆ ಅದೇ ಕ್ರಮವಾಯಿತು. ಆಡುವ ಕಂಠವೂ ಹಾಡುವ ಕಂಠವೂ ಒಂದಾದಮೇಲೆ ಗದ್ಯಕ್ಕೂ ಪದ್ಯಕ್ಕೂ ಇದ್ದ ಅಂತರವನ್ನು ಕುಗ್ಗಿಸುವುದು ಲೇಖಕನಿಗೆ ಸಾಧ್ಯವಾಯಿತು. ಎಪ್ಪತ್ತರ ದಶಕದ ಉತ್ತರಾರ್ಧದಿಂದ ಅವರ ಗೀತೆಗಳಲ್ಲಿ ಮಾತಿನ ಲಯವೇ ಪ್ರಧಾನವಾಗುತ್ತದೆ, ಸಮಾಸಗಳು ವಿರಳವಾಗುತ್ತವೆ, ಸಂಭಾಷಣೆಯು ನಿಂತ ಜಾಗದಿಂದ, ಅದೇ ಉಸಿರಿನಲ್ಲಿ, ಹಾಡು ಎತ್ತಿಕೊಳ್ಳುತ್ತದೆ. ಇದನ್ನು ಅವರ ಬರವಣಿಗೆಯ ಪರಿಪಾಕದ ಘಟ್ಟವೆಂದು ಪರಿಗಣಿಸಬೇಕು.

೫

ಇಷ್ಟು ಗುಣಗಳನ್ನು ಒಪ್ಪಿಕೊಂಡ ಬಳಿಕ ಮೊದಲು ಎತ್ತಿದ ಎರಡನೆಯ ಪ್ರಶ್ನೆಗೆ ಬರೋಣ. ಬೆಳಗಾವಿ ಜಿಲ್ಲೆಯು ೧೯೫೬ರ ನವೆಂಬರ್ ೧ರವರೆಗೆ ಮುಂಬಯಿ ಪ್ರಾಂತದಲ್ಲಿತ್ತು. ಏಕೀಕರಣದ ಅನಂತರವೂ ಗಡಿಯ ವಿವಾದವು ಶಮನವಾಗಲಿಲ್ಲ; ೧೯೬೬ರಲ್ಲಿ ಮಹಾಜನ ಆಯೋಗವು ನೇಮಕಗೊಂಡು ಮರುವರ್ಷ ವರದಿಯನ್ನು ಒಪ್ಪಿಸಿತು. ನಿಪ್ಪಾಣಿ, ಚಿಕ್ಕೋಡಿ, ಅಥಣಿ, ರಾಯಬಾಗಗಳ ಸೀಮೆಯಲ್ಲಿ ಸಂತೆಗೊಂದು ಭಾಷೆ, ಮನೆಗೊಂದು ಭಾಷೆ ಎಂಬುದು ನಿತ್ಯದ ಸಂಗತಿ. ಇಲ್ಲಿಯ ಕನ್ನಡಿಗನಿಗೆ ಕನ್ನಡ ಚಲನಚಿತ್ರವೆಂದರೆ ಕೇವಲ ಮನರಂಜನೆಯಾಗಿರಲಿಲ್ಲ. ತಾನು ಸೇರಿದ ದೊಡ್ಡ ನಾಡು ಹೇಗೆ ಮಾತನಾಡುತ್ತದೆಂಬುದನ್ನು ಆತನು ಕೇಳಿ ತಿಳಿದದ್ದು ಪಠ್ಯಪುಸ್ತಕಕ್ಕಿಂತ ಹೆಚ್ಚಾಗಿ ಚಿತ್ರಮಂದಿರದಲ್ಲಿ. ಶುದ್ಧವೂ ಗಿಡ್ಡವೂ ಆದ ಉದಯಶಂಕರರ ವಾಕ್ಯವು ಆತನಿಗೆ ತಟ್ಟನೆ ತಿಳಿಯಿತು. ಈ ಉಪಕಾರವನ್ನು ಮರೆಯಲಾಗದು.

ಆದರೆ ಅದು ಆತನ ಮಾತಾಗಿರಲಿಲ್ಲ. ಕರೋಶಿಯ ಮಗನು ತಾಯಿಯನ್ನು 'ಅವ್ವಾ' ಎನ್ನುತ್ತಾನೆ. ಚಿತ್ರದ ಮಗನು 'ಅಮ್ಮಾ' ಎನ್ನುತ್ತಾನೆ. ಇಲ್ಲಿಯವರು 'ಏನ್ ಮಾಡಾಕತ್ತಿ' ಎಂದರೆ ಚಿತ್ರದವರು 'ಏನ್ ಮಾಡ್ತಿದ್ದೀಯ' ಎನ್ನುತ್ತಾರೆ. ಇಲ್ಲಿಯ 'ಬರ್ರಿ, ಕುಂಡ್ರಿ' ಎಂಬ ಗೌರವದ ಮಾತು ಪರದೆಯ ಮೇಲೆ ಬಂದರೆ ಬಹುಪಾಲು ಹಾಸ್ಯಪಾತ್ರದ ಬಾಯಿಯಿಂದ. ತಾಯಿಮಕ್ಕಳ ಬಾಂಧವ್ಯವನ್ನೇ ತಳಹದಿಯಾಗಿಸಿಕೊಂಡ ಕೌಟುಂಬಿಕ ಪ್ರಕಾರದಲ್ಲಿ ಸಂಬೋಧನೆಯೊಂದೇ ಬೇರೆಯಾದರೆ ಆಗುವ ಅಂತರವು ಸಣ್ಣದಲ್ಲ. ಪ್ರೇಕ್ಷಕನು ಅಳುತ್ತಾನೆ, ನಿಜ. ಆದರೆ ಪರರ ಮನೆಯ ದುಃಖಕ್ಕೆ ಅಳುವಂತೆ ಸ್ವಲ್ಪ ದೂರ ನಿಂತು ಅಳುತ್ತಾನೆ.

ಈ ಅಂತರವನ್ನು ಎರಡು ಚಿತ್ರಗಳಲ್ಲಿ ನಿಕಟವಾಗಿ ಪರಿಶೀಲಿಸಬಹುದು. 'ಸಂಪತ್ತಿಗೆ ಸವಾಲ್' ಮೂಲತಃ ಉತ್ತರ ಕರ್ನಾಟಕದ ವೃತ್ತಿರಂಗಭೂಮಿಯ ನಾಟಕಕಾರ ಪಿ.ಬಿ. ಧುತ್ತರಗಿಯವರ ನಾಟಕ. ನಮ್ಮ ಸೀಮೆಯ ಜಾತ್ರೆಗಳಿಗೆ ಅದು ಚಿತ್ರವಾಗುವ ಮೊದಲೇ ಪರಿಚಿತ. ಚಿತ್ರರೂಪದಲ್ಲಿ ಭದ್ರನೆಂಬ ಹಳ್ಳಿಯ ನಾಯಕನು ದಕ್ಷಿಣದ ಹಳ್ಳಿಮಾತಿನ ಕಡೆಗೆ ವಾಲುತ್ತಾನೆ. ಸಿರಿವಂತಿಕೆಯ ಗರ್ವಕ್ಕೆ ಸವಾಲು ಹಾಕುವ ಅವನ ಕೆಚ್ಚು ಹಾಗೆಯೇ ಉಳಿದಿದೆ. ಆ ಕೆಚ್ಚಿಗೆ ಮೂಲದಲ್ಲಿದ್ದ ಗಂಡುಮೆಟ್ಟಿನ ನುಡಿಯ ಗಡಸು ಮಾತ್ರ ನಯವಾಗಿದೆ. ಎರಡನೆಯದು ೧೯೭೭ರ 'ಸನಾದಿ ಅಪ್ಪಣ್ಣ'. ಕೃಷ್ಣಮೂರ್ತಿ ಪುರಾಣಿಕರ ಕಥೆ. ಸನಾದಿಯನ್ನು ನುಡಿಸಿದವರು ಉಸ್ತಾದ್ ಬಿಸ್ಮಿಲ್ಲಾ ಖಾನರು. 'ಸನಾದಿ' ಎಂಬ ಪದವೇ ಉತ್ತರದ್ದು. ದಕ್ಷಿಣದ ಮಂಗಳವಾದ್ಯ ನಾಗಸ್ವರ. ಚಿತ್ರದ ವಾದ್ಯವು ಉತ್ತರದ್ದಾಗಿ, ಮಾತು ಅದಕ್ಕೆ ಸಮನಾಗಿ ಉತ್ತರದ್ದಾಗದೆ ಉಳಿದುದು ವಿಚಾರಾರ್ಹ. ಸಂಗೀತವು ನಿಷ್ಠೆಯಿಂದ ಮಾಡಿದ ಕೆಲಸವನ್ನು ಸಂಭಾಷಣೆಯು ಅರ್ಧಕ್ಕೆ ಬಿಟ್ಟಿತೆಂದೇ ಹೇಳಬೇಕಾಗಿದೆ.

ಈ ಕೊರತೆಯನ್ನು ಲೇಖಕನೊಬ್ಬನ ತಲೆಗೆ ಕಟ್ಟುವುದು ಉಚಿತವಲ್ಲ. ನಟನ ನಾಲಿಗೆ, ಮದರಾಸಿನಲ್ಲಿ ಬಹುಕಾಲ ನೆಲೆಸಿದ್ದ ಉದ್ಯಮ, ಬೆಂಗಳೂರು–ಮೈಸೂರುಗಳ ಮಾರುಕಟ್ಟೆ ಇವೆಲ್ಲ ಸೇರಿ ಆ ಭಾಷೆಯನ್ನು ನಿರ್ಧರಿಸಿದವು. ಆದರೆ ಬೇರೆಯ ಹಾದಿಯಿರಲಿಲ್ಲವೆಂದು ಹೇಳುವುದೂ ಸರಿಯಲ್ಲ. ೧೯೯೭ರ 'ನಾಗಮಂಡಲ'ಕ್ಕೆ ಗೋಪಾಲ ವಾಜಪೇಯಿಯವರು ಉತ್ತರ ಕರ್ನಾಟಕದ ನುಡಿಯಲ್ಲಿಯೇ ಸಂಭಾಷಣೆಯನ್ನೂ ಗೀತೆಯನ್ನೂ ಬರೆದರು. ಅಲ್ಲಿ ಆ ನುಡಿಯು ನಗೆಗಲ್ಲ, ಶೃಂಗಾರಕ್ಕೂ ಸಂಕಟಕ್ಕೂ ವಾಹಕವಾಯಿತು. ದಕ್ಷಿಣದ ಪ್ರೇಕ್ಷಕನಿಗೂ ಅದು ತಿಳಿಯಿತು. ಅಂದಮೇಲೆ ಎಲ್ಲರಿಗೂ ತಿಳಿಯಬೇಕೆಂಬ ಕಾರಣವು ಹಿಂದಿನ ಏಕರೂಪತೆಗೆ ಪೂರ್ಣ ಸಮರ್ಥನೆಯಾಗದು.

ದೂರದ ಒಂದು ಹೋಲಿಕೆಯು ಇಲ್ಲಿ ಬೆಳಕು ಚೆಲ್ಲಬಲ್ಲುದು. ತೈವಾನ್ ದ್ವೀಪದಲ್ಲಿ ೧೯೫೬ರಿಂದ ಸ್ಥಳೀಯ ಹೊಕ್ಕಿಯೆನ್ ನುಡಿಯ ಚಿತ್ರಗಳು ಹುಲುಸಾಗಿ ಬೆಳೆದವು. ನಮ್ಮಲ್ಲಿ ಕಂಪನಿ ನಾಟಕದಂತೆ ಅಲ್ಲಿಯೂ ಗೀತನಾಟಕದ ಮೇಳಗಳೇ ಅವುಗಳ ತೌರುಮನೆ. ಅರವತ್ತರ ದಶಕದಲ್ಲಿ ಅಲ್ಲಿಯೂ ಗುಪ್ತಚರರ ಚಿತ್ರಗಳ ಹಾವಳಿ. ಆದರೆ ಪ್ರಭುತ್ವವು ಪುರಸ್ಕರಿಸಿದ ಮ್ಯಾಂಡರಿನ್ ಭಾಷೆಯ ಚಿತ್ರಗಳ ಎದುರು ಅವು ಎಪ್ಪತ್ತರ ದಶಕದ ಆರಂಭಕ್ಕೆ ಕ್ಷೀಣಿಸಿ, ಆ ಪ್ರಕಾರಗಳ ಲೇಖಕರ ಮಾತೂ ಅವುಗಳೊಡನೆ ಮರೆಯಾಯಿತು. ಅದೇ ಕಾಲದಲ್ಲಿ ಹಿಂದಿ, ತಮಿಳು, ಮರಾಠಿಗಳ ನಡುವೆ ಕನ್ನಡ ಚಿತ್ರವು ತಲೆಯೆತ್ತಿ ನಿಂತಿತು. ನಿಲ್ಲಲು ಇದ್ದ ಕಾರಣಗಳಲ್ಲಿ ಎಲ್ಲರೂ ಕೇಳಿ ಅರಿಯಬಲ್ಲ ಒಂದು ನುಡಿಯ ನಿರ್ಮಾಣವೂ ಸೇರಿದೆ. ಅದರಲ್ಲಿ ಉದಯಶಂಕರರ ಪಾಲು ದೊಡ್ಡದು. ಉಳಿವಿಗಾಗಿ ತೆತ್ತ ಬೆಲೆಯ ಒಂದಂಶವನ್ನು ಮಾತ್ರ ಉತ್ತರದ ನುಡಿಯು ಕೊಟ್ಟಿತು.

೬

ಉದಯಶಂಕರರು ೧೯೯೩ರಲ್ಲಿ ತೀರಿಕೊಂಡರು. 'ಜೀವನ ಚೈತ್ರ' (೧೯೯೨) ಅವರ ಕೊನೆಯ ಘಟ್ಟದ ಕೃತಿಗಳಲ್ಲೊಂದು. ಅವರ ಸ್ವಂತಿಕೆಯು ಕಥಾಕಲ್ಪನೆಯಲ್ಲಿಲ್ಲ. ಪರರ ಕಥೆಯನ್ನು ಕನ್ನಡದ ಉಸಿರಿಗೆ ಒಗ್ಗಿಸುವುದರಲ್ಲಿ, ಗ್ರಾಂಥಿಕ ವಾಕ್ಯವನ್ನು ಗಿಡ್ಡಗೊಳಿಸುವುದರಲ್ಲಿ, ಮಾತನ್ನೂ ಹಾಡನ್ನೂ ಬೆಸೆಯುವುದರಲ್ಲಿ ಇದೆ. ಅವರ ಮಿತಿಯು, ಆ ಉಸಿರನ್ನು ನಾಡಿನ ಒಂದು ಭಾಗದ ಎದೆಯಿಂದಲೇ ಹೆಚ್ಚಾಗಿ ಪಡೆದುದರಲ್ಲಿದೆ. ಗುಣವನ್ನೂ ಮಿತಿಯನ್ನೂ ಒಟ್ಟಿಗೆ ನೋಡಿದಾಗಲೇ ವಿಮರ್ಶೆಯು ಪೂರ್ಣವಾಗುತ್ತದೆ.

ಅಧ್ಯಾಪಕರೂ ವಿದ್ಯಾರ್ಥಿಗಳೂ ಕೈಗೊಳ್ಳಬೇಕಾದ ಕಾರ್ಯವು ಇನ್ನೂ ಹಾಗೆಯೇ ಉಳಿದಿದೆ. ಚಿತ್ರಮಂದಿರದ ಬಾಗಿಲಲ್ಲಿ ಬಿಡಿಕಾಸಿಗೆ ಮಾರುತ್ತಿದ್ದ ಹಾಡಿನ ಪುಸ್ತಕಗಳು ಮನೆಗಳ ಅಟ್ಟದ ಮೇಲೆ ನುಸಿಯ ಪಾಲಾಗುತ್ತಿವೆ, ಅವುಗಳನ್ನು ಸಂಗ್ರಹಿಸಬೇಕು. ಚಿತ್ರಗಳ ಸಂಭಾಷಣೆಯನ್ನು ಕೇಳಿ ಬರೆದುಕೊಂಡು, ಮೂಲದ ಕಾದಂಬರಿ ನಾಟಕಗಳೊಡನೆ ಸಾಲುಸಾಲಾಗಿ ಹೋಲಿಸಬೇಕು. ಧುತ್ತರಗಿಯವರ ನಾಟಕವನ್ನೂ ಅದರ ಚಿತ್ರರೂಪವನ್ನೂ ಎದುರುಬದುರು ಇಟ್ಟು ಯಾವ ಪದವು ಉಳಿಯಿತು, ಯಾವುದು ಬಿದ್ದಿತು ಎಂದು ಪಟ್ಟಿಮಾಡಿದರೆ ಅದೊಂದೇ ಒಳ್ಳೆಯ ಪ್ರಬಂಧವಾಗುತ್ತದೆ. ಈ ಕೆಲಸಕ್ಕೆ ಗಡಿನಾಡಿನ ವಿದ್ಯಾರ್ಥಿಗಿಂತ ಯೋಗ್ಯನಾದವನು ಇನ್ನೊಬ್ಬನಿಲ್ಲ. ಎರಡು ಭಾಷೆಗಳ ನಡುವೆ ಬೆಳೆದ ಆತನ ಕಿವಿಗೆ, ತನ್ನ ಮನೆಯ ಮಾತು ಯಾವುದು, ತನ್ನ ನಾಡಿನ ಮಾತು ಯಾವುದು ಎಂಬ ಸೂಕ್ಷ್ಮವು ಯಾರೂ ಕಲಿಸದೆಯೇ ತಿಳಿದಿರುತ್ತದೆ.